ಬಂದುಹೋದ ಗಂಟು

ನಾವು ಹಿಂದಕ್ಕೆ ನಡೆಯುವ ಜನ. ಸೊಂಟಕ್ಕೆ ಕತ್ತಾಳೆ ನಾರು ಸುತ್ತಿಕೊಂಡು, ಅದರ ಒಂದು ಎಳೆಯನ್ನು ರಾಟೆಯ ಕೊಕ್ಕೆಗೆ ಸಿಕ್ಕಿಸಿ, ಎದುರಿಗೆ ಒಬ್ಬರು ರಾಟೆ ತಿರುಗಿಸುತ್ತಿದ್ದಂತೆ ಬೆರಳ ತುದಿಯಿಂದ ನಾರು ಬಿಡುತ್ತ ಬಿಡುತ್ತ ಹಿಂದೆ ಹಿಂದೆ ಹೋಗಬೇಕು. ಬೆನ್ನ ಹಿಂದೆ ಏನಿದೆ ಎಂದು ತಿರುಗಿ ನೋಡುವ ಹಾಗಿಲ್ಲ, ತಿರುಗಿದರೆ ಹುರಿ ಕೆಡುತ್ತದೆ. ಹಗ್ಗ ಹೊಸೆಯುವವರಿಗೆ ಮುಂದೇನು ಎನ್ನುವುದು ಯಾವತ್ತೂ ಕಾಣುವುದಿಲ್ಲ. ಕಾಣುವುದೆಲ್ಲ ಬಿಟ್ಟುಬಂದದ್ದೇ.

ನಾವು ನಡೆಯುವ ನೆಲದ ಪಟ್ಟಿ ಎಂಬತ್ತೆರಡು ಹೆಜ್ಜೆ ಉದ್ದ, ನಾಲ್ಕು ಹೆಜ್ಜೆ ಅಗಲ. ಮನೆ ಕಟ್ಟಲು ಬಾರದು, ತೋಟ ಮಾಡಲು ಬಾರದು. ಒಂದು ತುದಿಯಲ್ಲಿ ರಾಟೆ, ಇನ್ನೊಂದು ತುದಿಯಲ್ಲಿ ಅಜ್ಜ ಹುಗಿದ ಗೂಟ. ಹಿಮ್ಮಡಿಗೆ ಗೂಟ ತಾಗಿದರೆ ಒಂದು ಎಳೆ ಮುಗಿಯಿತು ಎಂದು ಲೆಕ್ಕ. ಚಿಕ್ಕವಳಿದ್ದಾಗ ಆ ಪಟ್ಟಿಯಲ್ಲಿ ನಡೆಯುತ್ತ ನಾನು ನಿದ್ದೆ ಮಾಡಿದ್ದೂ ಉಂಟು. ಕಾಲು ತಾನಾಗಿ ಹಿಂದೆ ಹೋಗುತ್ತಿತ್ತು, ಬೆರಳು ತಾನಾಗಿ ನಾರು ಬಿಡುತ್ತಿತ್ತು. ಹಿಮ್ಮಡಿಗೆ ಗೂಟ ತಾಗಿದಾಗ ಎಚ್ಚರ.

ಅಮ್ಮನ ಎದೆಯ ಆಪರೇಷನ್ನಿಗೆ ಆ ಪಟ್ಟಿ ಮಾರಿದೆವು. ಕೊಂಡವರು ಪಕ್ಕದ ಸಾಮಿಲ್ಲಿನ ಗರಗಸದ ಮಾವ. ನಿಜವಾದ ಮಾವನೇನಲ್ಲ. ಮೀಸೆ ಚಿಗುರುವ ವಯಸ್ಸಿನಲ್ಲಿ ನಮ್ಮಲ್ಲಿ ಆರು ವರ್ಷ ರಾಟೆ ತಿರುಗಿಸಿದವರು, ಅಪ್ಪನನ್ನು ಅಣ್ಣ ಎಂದು ಕರೆದವರು. ಆಮೇಲೆ ಮರದ ಕಡೆ ಹೋಗಿ ಕೈತುಂಬ ಗಳಿಸಿದರು. ಪತ್ರ ಮಾಡುವ ದಿನ ಅವರೇ ಹೇಳಿದರು.

"ಅಣ್ಣಾ, ಈ ಜಾಗ ನಂಗೆ ಬೇಕಿಲ್ಲ. ನಿನ್ನ ಕಷ್ಟಕ್ಕೆ ಇಟ್ಕೋತೀನಿ ಅಷ್ಟೆ. ಐದು ವರ್ಷದೊಳಗೆ ಅದೇ ಬೆಲೆ ಕೊಡು, ವಾಪಸ್ ಬರ್ಕೊಡ್ತೀನಿ."

ಹಾಗೆಂದೇ ಮರುಕ್ರಯದ ಕರಾರು ಬರೆಸಿ ಇಬ್ಬರೂ ಸಹಿ ಹಾಕಿದರು. ಐದು ವರ್ಷದೊಳಗೆ ಹಣದೊಂದಿಗೆ ಬಂದು ಕೇಳಿದಲ್ಲಿ ಮರಳಿ ಬರೆದುಕೊಡತಕ್ಕದ್ದು ಎಂಬ ಆ ಒಂದು ಸಾಲನ್ನು ಅಪ್ಪ ಎರಡು ಸಲ ಓದಿಸಿಕೊಂಡ.

ಮೊದಲ ವರ್ಷ ಮಾವ ನಮ್ಮ ಕೆಲಸಕ್ಕೆ ಅಡ್ಡಿ ಮಾಡಲಿಲ್ಲ. ಎರಡನೆಯ ವರ್ಷ ಪಟ್ಟಿಯ ಮೇಲೆ ದಿಮ್ಮಿಗಳು ಬಂದು ಬಿದ್ದವು. ರಾಟೆಯನ್ನು ಮನೆ ಮುಂದಿನ ಬೀದಿಗೆ ತಂದೆವು. ಬೀದಿಯಲ್ಲಿ ಹಿಂದಕ್ಕೆ ನಡೆಯುವುದೆಂದರೆ ಹುಡುಗಾಟವೇ? ಸೈಕಲ್ಲಿನವನ ಬೈಗುಳ ಬೆನ್ನಿಗೆ ಬಂದು ತಾಗುತ್ತಿತ್ತು, ವ್ಯಾನಿನವನ ಹಾರ್ನು ಕಿವಿಗೆ. ಇಪ್ಪತ್ತು ಹೆಜ್ಜೆಗೆ ತಿರುವು ಬರುತ್ತಿತ್ತು, ಹಗ್ಗವೂ ಇಪ್ಪತ್ತು ಹೆಜ್ಜೆಯದೇ ಆಗುತ್ತಿತ್ತು. ದೋಣಿಯವರು, ಬಾವಿ ತೋಡುವವರು ಉದ್ದದ ಹಗ್ಗ ಕೇಳಿ ಬಂದು ಬರಿಗೈಯಲ್ಲಿ ಹೋದರು. ವ್ಯಾನಿನವರು ನನಗೆ ರಿವರ್ಸ್ ಅಕ್ಕ ಎಂದು ಹೆಸರಿಟ್ಟರು. ನಗುತ್ತಿದ್ದೆ, ಒಳಗೆ ಉರಿಯುತ್ತಿತ್ತು.

ಮೂರನೆಯ ವರ್ಷದ ಹೊತ್ತಿಗೆ ಬೆಲೆಯ ಹಣ ಪೂರ್ತಿ ಬ್ಯಾಂಕಿನಲ್ಲಿತ್ತು. ಕರಾರಿಗೆ ಮೂರು ವರ್ಷ ತುಂಬಿದ ದಿನವೇ ಅಪ್ಪ ಮತ್ತು ನಾನು ಶುಭ್ರವಾಗಿ ಬಟ್ಟೆ ಹಾಕಿಕೊಂಡು ಸಾಮಿಲ್ಲಿನ ಮನೆಗೆ ಹೋದೆವು. ಮಾವ ಇರಲಿಲ್ಲ. ಅತ್ತೆ, ಅಂದರೆ ಮಾವನ ಹೆಂಡತಿ, ಬಾಗಿಲಲ್ಲೇ ನಿಂತು "ಮರ ನೋಡೋಕೆ ಹೋಗಿದಾರೆ ಅಣ್ಣಾ" ಎಂದರು. ಹೇಳುವಾಗ ನೆಲ ನೋಡುತ್ತಿದ್ದರು.

ಅಪ್ಪ ಚೀಲದಿಂದ ಹೊಸ ಹಗ್ಗದ ತುಂಡು ತೆಗೆದ. ಆರು ಮೊಳ ಉದ್ದ, ನಡುವೆ ಒಂದು ಕೆಂಪು ಎಳೆ. ಅದನ್ನು ಗೇಟಿನ ಮರದ ಕಂಬಕ್ಕೆ ಸುತ್ತಿ ಬಂದುಹೋದ ಗಂಟು ಹಾಕಿದ.

ಆ ಗಂಟಿನ ಬಗ್ಗೆ ಹೇಳಲೇಬೇಕು. ನಮ್ಮ ಕಸುಬಿನವರು ಯಾರದೋ ಮನೆಗೆ ಮಾತು ಮುಗಿಸಲು ಹೋದಾಗ ಮನೆಯವರು ಇಲ್ಲದಿದ್ದರೆ ಚೀಟಿ ಬರೆದಿಡುವುದಿಲ್ಲ. ಬಾಗಿಲ ಹತ್ತಿರ ಒಂದು ಹೊಸ ಹಗ್ಗ ಕಟ್ಟಿ ಬರುತ್ತೇವೆ. ನಾನು ಬಂದಿದ್ದೆ, ಸಿದ್ಧವಾಗಿಯೇ ಬಂದಿದ್ದೆ, ನೀನಿರಲಿಲ್ಲ ಎಂದು ಅರ್ಥ. ಮನೆಯವರು ಅದನ್ನು ಬಿಚ್ಚುವಂತಿಲ್ಲ, ಬಿಚ್ಚಲು ಬರುವುದೂ ಇಲ್ಲ. ಒಬ್ಬನೇ ಎಳೆದರೆ ಬಿಗಿಯುತ್ತದೆ, ಜಗ್ಗಿದರೆ ಇನ್ನೂ ಬಿಗಿಯುತ್ತದೆ. ಮುಂದೆ ಇಬ್ಬರೂ ಸೇರಿದ ದಿನ ಒಬ್ಬೊಬ್ಬರು ಒಂದೊಂದು ತುದಿ ಹಿಡಿದು, ಒಂದೇ ಉಸಿರಿಗೆ, ನಿಧಾನವಾಗಿ ಎಳೆಯಬೇಕು. ಎಳೆಯುವ ಮುಂಚೆ ಕಟ್ಟಿದವನು "ಬಂದಿದ್ದೆ" ಅನ್ನಬೇಕು. ಇನ್ನೊಬ್ಬ "ಗೊತ್ತು" ಅನ್ನಬೇಕು. ಗಂಟು ಬಿಚ್ಚಿಕೊಳ್ಳುತ್ತದೆ, ಮಾತೂ ಮುಗಿಯುತ್ತದೆ. ನೂರಾರು ವ್ಯವಹಾರ ಹೀಗೇ ಮುಗಿದದ್ದನ್ನು ಅಪ್ಪ ನೋಡಿದ್ದ.

ನಾವು ಮಾಡಿದ ತಪ್ಪೂ ಅದೇ. ಗಂಟು ಹಾಕಿದೆವಲ್ಲ, ಇನ್ನು ಕಾಗದ ಯಾಕೆ ಎಂದುಕೊಂಡೆವು.

ಆ ವರ್ಷವೇ ಅಪ್ಪ ತೀರಿಕೊಂಡ. ನಾಲ್ಕನೆಯ ವರ್ಷ ಅದೇ ದಿನ ನಾನೊಬ್ಬಳೇ ಹೋಗಿ ಹಸಿರು ಎಳೆಯ ಹಗ್ಗ ಕಟ್ಟಿ ಬಂದೆ. ಅತ್ತೆ ಮತ್ತೆ ನೆಲ ನೋಡಿದರು. ಬೀದಿಯಲ್ಲಿ ಮಾವ ಸಿಕ್ಕರೆ "ಏನ್ ಮಗಳೇ, ಚೆನ್ನಾಗಿದೀಯಾ?" ಎಂದು ಕೇಳುವರು. ಜಾಗದ ಮಾತು ಎತ್ತಿದರೆ "ನೋಡೋಣ ನೋಡೋಣ" ಎಂದು ನಡೆದುಬಿಡುವರು. ಪಟ್ಟಿಯ ಆ ತುದಿಗೆ ದೊಡ್ಡ ರಸ್ತೆ ಬರುತ್ತದೆ ಎಂಬ ಸುದ್ದಿ ಅಷ್ಟರಲ್ಲಿ ಹರಡಿತ್ತು. ಲಾರಿ ನೇರ ಮಿಲ್ಲಿನೊಳಗೆ ಬರಲು ಅದೊಂದೇ ದಾರಿ. ನೆಂಟರ ಮೇಲೆ ಪ್ರೀತಿ, ಅಕ್ಕಿಯ ಮೇಲೆ ಆಸೆ ಎನ್ನುತ್ತಾರಲ್ಲ, ಮಾವನ ಕಥೆ ಅದೇ ಆಗಿತ್ತು.

ಅಮ್ಮ ಹೋದದ್ದು ಐದನೆಯ ವರ್ಷದ ಚಳಿಯಲ್ಲಿ. ಆ ಪಟ್ಟಿ ನಮಗೆ ಅಮ್ಮನ ನಾಲ್ಕು ವರ್ಷ ಕೊಟ್ಟಿತು ಎಂದುಕೊಂಡರೆ ಮಾರಿದ್ದಕ್ಕೆ ನನಗೆ ಇವತ್ತಿಗೂ ಬೇಸರವಿಲ್ಲ. ಅವಳ ನೇರಳೆ ಸ್ವೆಟರಿನ ಒಂದು ತೋಳು ಬಿಚ್ಚಿ ಆ ಉಣ್ಣೆಯನ್ನೇ ಕೊನೆಯ ಹಗ್ಗಕ್ಕೆ ಎಳೆಯಾಗಿ ಹೊಸೆದೆ. ಅವಧಿ ಮುಗಿಯುವ ದಿನ, ಮಧ್ಯಾಹ್ನ ಎರಡು ಗಂಟೆಗೆ, ಅದೇ ಕಂಬಕ್ಕೆ ಕಟ್ಟಿದೆ. ಬೀದಿಯಲ್ಲಿ ನರಪಿಳ್ಳೆ ಇರಲಿಲ್ಲ. ಮಿಲ್ಲಿನ ಗರಗಸ ಒಳಗೆ ಜೇನುಹುಳದ ಹಾಗೆ ಗುಂಯ್‌ಗುಡುತ್ತಿತ್ತು. ಯಜಮಾನ ಊರಲ್ಲಿಲ್ಲದ ದಿನ ಆ ಗರಗಸ ಓಡುವುದಿಲ್ಲ ಎಂದು ನನಗೆ ಗೊತ್ತಿತ್ತು.

ವಾರ ಕಳೆದ ಮೇಲೆ ಮಾವ ತಾವಾಗಿ ಎದುರು ಬಂದು, ತುಂಬ ಮೆತ್ತಗೆ, "ಅವಧಿ ಮುಗೀತಲ್ಲ ಮಗಳೇ" ಎಂದರು.

ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂಬ ಗಾದೆ ನನಗೂ ಗೊತ್ತು. ಆದರೂ ಹೋದೆ. ನನ್ನ ಲಾಯರಮ್ಮ ಸದಾ ಪೆಪ್ಪರ್‌ಮೆಂಟು ಚೀಪುವವರು, ಮಾತು ಮಾತ್ರ ಖಾರ. ಎಲ್ಲ ಕೇಳಿ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು.

"ನೋಡಮ್ಮಾ, ಇಂಥ ಕೇಸಲ್ಲಿ ಎರಡು ತೋರಿಸ್ಬೇಕು. ನಿನ್ನ ಕೈಲಿ ಆಗ್ತಿತ್ತು ಅನ್ನೋದು ಒಂದು. ನಿಂಗೆ ಮನಸ್ಸಿತ್ತು ಅನ್ನೋದು ಇನ್ನೊಂದು. ಕೈಲಾಗ್ತಿತ್ತು ಅನ್ನೋಕೆ ಪಾಸ್‌ಬುಕ್ ಇದೆ, ಅದರ ಚಿಂತೆ ಬಿಡು. ಮನಸ್ಸಿತ್ತು, ಅವಧಿಯೊಳಗೆ ಹೋಗಿ ಕೇಳಿದ್ದೆ ಅನ್ನೋಕೆ ಏನಿದೆ?"

"ಗಂಟು ಕಟ್ಟಿದೀನಿ ಮೇಡಂ."

"ಆ ಗಂಟು ಈಗ ಎಲ್ಲಿದೆ?"

ಎಲ್ಲಿತ್ತು? ಕಂಬದ ಮೇಲಂತೂ ಇರಲಿಲ್ಲ. ಕಟ್ಟಿದ ಮರುದಿನವೇ ಪ್ರತಿ ಸಲವೂ ಕಾಣೆಯಾಗುತ್ತಿತ್ತು.

ಆ ದಿನಗಳಲ್ಲಿ ನನಗೊಂದು ಕನಸು ಬೀಳುತ್ತಿತ್ತು. ಪಟ್ಟಿಯಲ್ಲಿ ಹಿಂದೆ ನಡೆಯುತ್ತಿದ್ದೇನೆ, ಎದುರಿಗೆ ಅಪ್ಪ ರಾಟೆ ತಿರುಗಿಸುತ್ತಿದ್ದಾನೆ. ಎಂಬತ್ತೆರಡು ಹೆಜ್ಜೆ ಮುಗಿದರೂ ಗೂಟ ತಾಗುವುದಿಲ್ಲ. ನೂರು, ಇನ್ನೂರು. ಮಿಲ್ಲು ಎದುರಿಗೆ ಬಂದು ಸಣ್ಣದಾಗುತ್ತದೆ, ಬೀದಿ ಬಂದು ಸಣ್ಣದಾಗುತ್ತದೆ, ಆಸ್ಪತ್ರೆಯ ಉದ್ದನೆಯ ಕಾರಿಡಾರು, ನನ್ನ ಶಾಲೆ, ಹೊಳೆ. ಎಲ್ಲದರ ನಡುವೆ ಹಗ್ಗ ಮಾತ್ರ ಕಡಿಯದೆ ಹೋಗುತ್ತಿರುತ್ತದೆ. ಆ ತುದಿಯಲ್ಲಿ ಅಪ್ಪ ಸಾಸಿವೆ ಕಾಳಿನಷ್ಟಾಗಿ "ಸಾಕಾ?" ಎಂದು ಕೂಗುತ್ತಾನೆ. ಉತ್ತರ ಕೊಡಲು ಬಾಯಿ ತೆರೆಯುವಷ್ಟರಲ್ಲಿ ಎಚ್ಚರವಾಗುತ್ತದೆ. ಎದ್ದು ಕುಳಿತು ಹಿಮ್ಮಡಿ ಮುಟ್ಟಿ ನೋಡಿಕೊಳ್ಳುತ್ತಿದ್ದೆ.

ಕೇಸು ಎರಡು ವರ್ಷ ಎಳೆಯಿತು. ನನ್ನ ಸಾಕ್ಷಿಯ ದಿನ ಮಾವನ ಕಡೆಯ ವಕೀಲರು ಎದ್ದು ನಿಂತು ಬಹಳ ವಿನಯದಿಂದ ಕೇಳಿದರು.

"ನೋಟೀಸು ಕಳಿಸಿದ್ರಾ?"

"ಇಲ್ಲ."

"ರಿಜಿಸ್ಟರ್ಡ್ ಪೋಸ್ಟು? ಒಂದು ಕಾರ್ಡು?"

"ಇಲ್ಲ."

"ಮತ್ತೆ ಮರುಕ್ರಯ ಬೇಕು ಅಂತ ಹೇಗೆ ಕೇಳಿದ್ರಿ?"

"ಗಂಟು ಕಟ್ಟಿ ಬಂದೆ. ಮೂರು ಸಲ."

ಹಿಂದಿನ ಬೆಂಚಿನಲ್ಲಿ ಯಾರೋ ಕಿಸಕ್ಕೆಂದರು. ವಕೀಲರು ನಗಲಿಲ್ಲ, ಕರವಸ್ತ್ರದಿಂದ ತುಟಿ ಒರೆಸಿಕೊಂಡು ಕುಳಿತರು. ಅದು ನಗುವುದಕ್ಕಿಂತ ಹೆಚ್ಚಾಗಿ ಚುಚ್ಚಿತು. ಹೊರಗೆ ಬಂದು ಕೋರ್ಟಿನ ಮೆಟ್ಟಿಲ ಮೇಲೆ ಕುಳಿತು ಕಣ್ಣೀರು ಹಾಕಿದೆ. ನನ್ನ ದಡ್ಡತನಕ್ಕೇ ನನಗೆ ಸಿಟ್ಟು. ಇಡೀ ಊರು ಅಂಚೆಪೆಟ್ಟಿಗೆಗೆ ಕಾಗದ ಹಾಕುವಾಗ ನಾನೊಬ್ಬಳು ಕಂಬಕ್ಕೆ ಹಗ್ಗ ಕಟ್ಟುತ್ತ ತಿರುಗಿದೆನಲ್ಲ.

ಮಾವನ ಸಾಕ್ಷಿ ಮುಂದಿನ ತಿಂಗಳು. ಮಧ್ಯಾಹ್ನದ ಊಟ ಮುಗಿದ ಮೇಲಿನ ಹೊತ್ತು. ಮೇಲೆ ಫ್ಯಾನು ತೂಕಡಿಸುತ್ತಿತ್ತು, ಕಿಟಕಿಯ ಮೇಲೆ ಪಾರಿವಾಳಗಳು ಗುಟುರು ಹಾಕುತ್ತಿದ್ದವು, ಟೈಪಿಸ್ಟ್ ಹೆಂಗಸು ಆಕಳಿಕೆ ನುಂಗುತ್ತಿದ್ದಳು. ಮಾವ ಕಟಕಟೆ ಹತ್ತಿದರು. ಕೈಯಲ್ಲಿ ದಾಖಲೆಗಳ ಕಟ್ಟು, ಬಿಳಿ ಬಟ್ಟೆಯಲ್ಲಿ ಸುತ್ತಿ ಹಗ್ಗ ಬಿಗಿದದ್ದು. ಅತ್ತೆಯೂ ಬಂದು ನನ್ನ ಬೆಂಚಿನ ಆ ತುದಿಗೆ ಕುಳಿತರು.

ಕಿಟಕಿಯ ಬಿಸಿಲು ಸರಿದು ಮಾವನ ಕೈ ಮೇಲೆ ಬಿತ್ತು. ಹಗ್ಗದ ನಡುವೆ ಒಂದು ನೇರಳೆ ಎಳೆ.

ನನಗೆ ಒಂದು ಕ್ಷಣ ಅಮ್ಮ ಅಲ್ಲಿ ನಿಂತ ಹಾಗಾಯಿತು. ಆ ಸ್ವೆಟರಿನಲ್ಲಿ ಅವಳು ಬಾಗಿಲಿಗೆ ಒರಗಿ ಕಾಫಿ ಆರಿಸಿಕೊಳ್ಳುತ್ತಿದ್ದ ಬೆಳಗುಗಳೆಲ್ಲ ಕಣ್ಣ ಮುಂದೆ ಸಾಲಾಗಿ ಹೋದವು. ಲಾಯರಮ್ಮನ ಮೊಣಕೈ ಹಿಡಿದು ಕಿವಿಯಲ್ಲಿ ಹೇಳಿದೆ. ಅವರು ಪೆಪ್ಪರ್‌ಮೆಂಟನ್ನು ಕಡಕ್ಕೆಂದು ಕಡಿದರು.

ಸರದಿ ಬಂದಾಗ ಎದ್ದರು. "ಯಜಮಾನ್ರೇ, ಈ ಐದು ವರ್ಷದಲ್ಲಿ ಈಕೆ ನಿಮ್ಮನೆ ಹತ್ರ ಬಂದಿದ್ದು ನಿಮಗೆ ಗೊತ್ತಾ?"

"ಗೊತ್ತಿಲ್ಲ."

"ನಿಮ್ಮ ಗೇಟಿನ ಕಂಬದಲ್ಲಿ ಹಗ್ಗ ಕಟ್ಟಿದ್ದು ನೋಡಿದೀರಾ?"

"ಬೀದಿ ಮಕ್ಕಳು ಏನೇನೋ ಕಟ್ತಾರೆ."

"ನಿಮ್ಮ ಕೈಲಿರೋ ಹಗ್ಗ ಎಲ್ಲಿಂದ ಬಂತು?"

ಮಾವ ಆಗ ಕೈ ನೋಡಿಕೊಂಡರು. ಮೊದಲ ಸಲ ನೋಡಿದ ಹಾಗಿತ್ತು ಅವರ ಮುಖ. ಆಮೇಲೆ ಬೆಂಚಿನ ಕಡೆ ನೋಡಿದರು. ಅತ್ತೆ ಈ ಸಲ ನೆಲ ನೋಡಲಿಲ್ಲ. ನೆಟ್ಟಗೆ ಗಂಡನನ್ನೇ ನೋಡುತ್ತ ಕುಳಿತಿದ್ದರು.

ಜಡ್ಜ್ ಸಾಹೇಬರು ಹಗ್ಗವನ್ನು ತರಿಸಿಕೊಂಡರು. ಲಾಯರಮ್ಮ ಒಂದು ತೋಳು ಬಿಚ್ಚಿದ ಅಮ್ಮನ ಸ್ವೆಟರನ್ನೂ ಅದರ ಪಕ್ಕ ಇಟ್ಟರು. ನನ್ನ ಮಾತು ಕೇಳಿ ಮೊದಲ ದಿನದಿಂದಲೇ ಅದನ್ನು ತಮ್ಮ ಚೀಲದಲ್ಲಿ ಇಟ್ಟುಕೊಂಡಿದ್ದರು ಪುಣ್ಯಾತ್ಗಿತ್ತಿ. ಉಣ್ಣೆ ಒಂದೇ ಎಂದು ಯಾರಿಗಾದರೂ ಕಾಣುತ್ತಿತ್ತು. ಎದುರು ವಕೀಲರು ಎದ್ದರು.

"ಹಗ್ಗ ಈಕೆಯದೇ ಇರಬಹುದು ಸ್ವಾಮಿ. ಹಗ್ಗ ಮಾರೋದೇ ಈಕೆಯ ಕಸುಬು. ನಮ್ಮ ಕಕ್ಷಿದಾರರು ಅಂಗಡಿಯಿಂದ ತಂದಿರಬಹುದು. ಈ ಗಂಟಿಗೆ ಏನೋ ಅರ್ಥ ಇದೆ, ಅದು ಇವರಿಗೆ ತಿಳಿದಿತ್ತು ಅನ್ನೋಕೆ ಏನಾಧಾರ?"

ಹಗ್ಗದ ನಡುವೆ ನನ್ನ ಗಂಟು ಹಾಗೆಯೇ ಇತ್ತು. ಕಂಬದ ಮೇಲ್ತುದಿಯಿಂದ ಜಾರಿಸಿ ಇಡಿಯಾಗಿ ತೆಗೆದಿದ್ದರು. ಮಿಲ್ಲಿನಲ್ಲಿ ಹತ್ತಾರು ಗರಗಸ, ಕೊಡಲಿ, ಉಳಿ ಇಟ್ಟುಕೊಂಡ ಮನುಷ್ಯ ಆ ಗಂಟಿಗೆ ಕಬ್ಬಿಣ ತಾಗಿಸಿರಲಿಲ್ಲ.

"ಬಿಚ್ಚಿ ನೋಡೋಣ" ಎಂದರು ಜಡ್ಜ್ ಸಾಹೇಬರು.

ಕೋರ್ಟಿನ ಜವಾನ ಎಳೆದ. ಬಿಗಿಯಿತು. ಜವಾನ ಒಂದು ಕಡೆ, ಎದುರು ವಕೀಲರ ಜೂನಿಯರ್ ಇನ್ನೊಂದು ಕಡೆ ನಿಂತು ಹಗ್ಗಜಗ್ಗಾಟದ ಹಾಗೆ ಜಗ್ಗಿದರು. ಗಂಟು ಕಲ್ಲಾಯಿತು. ಟೈಪಿಸ್ಟ್ ಹೆಂಗಸು ನಿದ್ದೆ ಹಾರಿಹೋಗಿ ನಗು ತಡೆಯುತ್ತಿದ್ದಳು.

"ನೀವು ಬಿಚ್ಚಮ್ಮಾ."

"ನನ್ನೊಬ್ಬಳಿಂದ ಆಗಲ್ಲ ಸ್ವಾಮಿ. ನನ್ನ ತುದಿ ನಾನು ಹಿಡೀತೀನಿ. ಆ ತುದಿ ಅವರು ಹಿಡೀಬೇಕು."

ಜಡ್ಜ್ ಸಾಹೇಬರು ಆಗಲಿ ಎಂದು ತಲೆಯಾಡಿಸಿದರು. ಮಾವ ಕಟಕಟೆಯಿಂದ ಇಳಿದು ಬಂದರು. ಇಬ್ಬರ ನಡುವೆ ಆರು ಮೊಳ ಹಗ್ಗ. ನಾನು ನನ್ನ ತುದಿ ಎತ್ತಿಕೊಂಡೆ, ಅವರು ಅವರ ತುದಿ.

ಜವಾನನೂ ಜೂನಿಯರನೂ ಹಗ್ಗವನ್ನು ಮುಷ್ಟಿಯಲ್ಲಿ ಹಿಡಿದಿದ್ದರು. ಮಾವ ಹಾಗೆ ಹಿಡಿಯಲಿಲ್ಲ. ಅಂಗೈ ಹಿಂಭಾಗಕ್ಕೆ ಎರಡು ಸುತ್ತು ಹಾಕಿ, ತುದಿಯನ್ನು ಹೆಬ್ಬೆರಳ ಕೆಳಗೆ ಸಿಕ್ಕಿಸಿ, ಎಡಗಾಲು ಒಂದು ಹೆಜ್ಜೆ ಹಿಂದಿಟ್ಟರು. ಅಪ್ಪ ನಿಲ್ಲುತ್ತಿದ್ದುದು ಥೇಟ್ ಹಾಗೇ. ಆರು ವರ್ಷ ಅಪ್ಪನ ಎದುರು ನಿಂತ ಕೈಗೆ ಮರೆವು ಎಲ್ಲಿಂದ ಬರಬೇಕು? ನನ್ನ ಎಡಗಾಲೂ ಹಿಂದೆ ಹೋಯಿತು. ಫ್ಯಾನಿನ ಸದ್ದು ದೂರವಾಯಿತು. ಅದು ಕೋರ್ಟು ಎನ್ನುವುದು ಮರೆತುಹೋಗಿ ಪಟ್ಟಿಯ ಮಣ್ಣಿನ ವಾಸನೆ ಬಂದ ಹಾಗಾಯಿತು. ಅದೇ ಗುಂಗಿನಲ್ಲಿ, ಮಾವನಿಗಷ್ಟೇ ಕೇಳಿಸುವಷ್ಟು ಮೆಲ್ಲಗೆ, ಹಳೆಯ ರೂಢಿಯಂತೆ ನನ್ನ ಬಾಯಿಂದ ಬಂತು.

"ಬಂದಿದ್ದೆ."

"ಗೊತ್ತು" ಎಂದರು ಮಾವ.

ಎಳೆದೆವು. ಗಂಟು ಒಮ್ಮೆ ಉಸಿರು ಬಿಟ್ಟಂತಾಗಿ ಸಡಿಲಿತು, ಹಗ್ಗ ನೇರವಾಗಿ ನಮ್ಮಿಬ್ಬರ ನಡುವೆ ಚಾಚಿಕೊಂಡಿತು. ಟೈಪ್ ಯಂತ್ರದ ಸದ್ದು ನಿಂತಿತ್ತು.

"ಏನಂದ್ರಿ?" ಜಡ್ಜ್ ಸಾಹೇಬರು ಕೇಳಿದರು.

ಮಾವನ ವಕೀಲರು ಏನೋ ಹೇಳಲು ಎದ್ದರು. ಮಾವ ಅವರ ಕಡೆ ನೋಡಲೂ ಇಲ್ಲ. ಕೈಗೆ ಸುತ್ತಿದ ಹಗ್ಗವನ್ನೇ ನೋಡುತ್ತಿದ್ದರು.

"ಗೊತ್ತು ಅಂದೆ ಸ್ವಾಮಿ. ಇವಳು ಬಂದಿದ್ದು ಗೊತ್ತು. ಮೂರು ಸಲಾನೂ ನಾನು ಒಳಗೇ ಇದ್ದೆ."

ತೀರ್ಪು ಬರಲು ಆಮೇಲೂ ಒಂದೂವರೆ ತಿಂಗಳು ಹಿಡಿಯಿತು. ಪಟ್ಟಿಯ ಪತ್ರ ನನ್ನ ಹೆಸರಿಗೆ ರಿಜಿಸ್ಟರಾದ ದಿನ ಹೊರಗೆ ಸಿಕ್ಕ ಅತ್ತೆಯನ್ನು ಕೇಳಿಯೇಬಿಟ್ಟೆ, ಅವತ್ತು ದಾಖಲೆ ಕಟ್ಟಿಕೊಟ್ಟವರು ಯಾರು ಎಂದು.

"ನಾನೇ. ಮನೇಲಿ ಬೇರೆ ಹಗ್ಗ ಸಿಗ್ಲಿಲ್ಲ ಕಣೇ" ಎಂದರು. ಸಾಮಿಲ್ಲಿನ ಮನೆಯಲ್ಲಿ ಹಗ್ಗಕ್ಕೆ ಬರವೇ?

ದಿಮ್ಮಿಗಳು ಹೋದವು. ಕಳೆ ಕಿತ್ತು, ನೆಲ ಗುಡಿಸಿ, ರಾಟೆಯನ್ನು ಮತ್ತೆ ಅದರ ಜಾಗಕ್ಕೆ ತಂದೆ. ಬೆಳಗಿನ ಹೊತ್ತು. ನಾರು ಸುತ್ತಿಕೊಂಡು ನಿಂತ ಮೇಲೆ ನೆನಪಾಯಿತು, ರಾಟೆ ತಿರುಗಿಸಲು ಜನವಿಲ್ಲ ಎಂದು. ಬೀದಿಯಲ್ಲಾದರೆ ಹಾದುಹೋಗುವ ಯಾರನ್ನಾದರೂ ಕರೆಯುತ್ತಿದ್ದೆ. ಇಲ್ಲಿ ಬೇಲಿಯಾಚೆ ಮಾವ ಒಬ್ಬರೇ ನಿಂತಿದ್ದರು. ನಾನು ಕರೆಯಲಿಲ್ಲ. ಅವರಾಗಿ ಬಂದರು, ರಾಟೆಯ ಮುಂದೆ ಕುಳಿತು ಹಿಡಿಗೆ ಕೈಯಿಟ್ಟರು.

ನನ್ನ ಸಿಟ್ಟು ಇಳಿದಿರಲಿಲ್ಲ. ಆದರೆ ಹಗ್ಗ ಹೊಸೆಯುವವರ ಪಾಡು ನೋಡಿ, ರಾಟೆ ತಿರುಗಿಸುವವರ ಮುಖ ನೋಡದೆ ಒಂದು ಹೆಜ್ಜೆ ಇಡಲಾಗುವುದಿಲ್ಲ. ನೋಡುತ್ತ ನೋಡುತ್ತ ಹಿಂದೆ ಹೋದೆ. ಮೂವತ್ತು. ನಲವತ್ತು. ಮಾವನ ನರೆಗೂದಲು ಕಾಣದಾಯಿತು, ಆಮೇಲೆ ಕನ್ನಡಕ, ಆಮೇಲೆ ಮುಖ. ಮೀಸೆ ಚಿಗುರುವ ವಯಸ್ಸಿನ ಯಾರೋ ಅಲ್ಲಿ ಕುಳಿತು ರಾಟೆ ತಿರುಗಿಸುತ್ತಿದ್ದ ಹಾಗಿತ್ತು. ಎಪ್ಪತ್ತು.

"ಸಾಕಾ?" ಎಂದು ಅಲ್ಲಿಂದ ಕೂಗಿದರು.

"ಇನ್ನೂ ಸ್ವಲ್ಪ" ಎಂದೆ. ಹನ್ನೆರಡು ಹೆಜ್ಜೆ ಬಾಕಿ ಇತ್ತು. ತಿರುಗಿ ನೋಡದೆ, ಒಂದೊಂದಾಗಿ ನಡೆದೆ, ಹಿಮ್ಮಡಿಗೆ ಅಜ್ಜನ ಗೂಟ ತಾಗುವವರೆಗೆ.